ಮಾವನಿಗೆ ಮಾವನೇ ಬರೆದ ಪತ್ರ

ತನಗೆ ತಾನೇ ಅರ್ಜಿ ಬರೆದು, ತಾನೇ ಅದನ್ನು ಓದಿ, ತಾನೇ ತಿರಸ್ಕರಿಸಿದ ಮನುಷ್ಯನನ್ನು ನೀವು ನೋಡಿದ್ದೀರಾ? ಇಲ್ಲದಿದ್ದರೆ ಹಾವೇರಿಗೆ ಬನ್ನಿ, ನಮ್ಮ ಸೋದರಮಾವನನ್ನು ತೋರಿಸುತ್ತೇನೆ. ಟಿಕೆಟ್ ಇಲ್ಲ. ಆದರೆ ಬರುವ ಮೊದಲು ಲಿಖಿತವಾಗಿ ತಿಳಿಸಬೇಕು!

ಮಾವ ಸರ್ಕಾರಿ ಗುಮಾಸ್ತರು. ರಾಣೆಬೆನ್ನೂರಿನ ಒಂದು ಕಚೇರಿಯಲ್ಲಿ ಹನ್ನೊಂದು ವರ್ಷ ನೌಕರರ ಸಂಬಳದ ಕಡತ ನೋಡಿಕೊಂಡಿದ್ದರು. ಮನೆಗೆ ಬಂದ ಮದುವೆ ಕರೆಯೋಲೆಗೂ, ಕಚೇರಿಗೆ ಬಂದ ಕಾಗದಕ್ಕೆ ಹಾಕುವಂತೆ, ಅವರಿಂದ ಆವಕ ಸಂಖ್ಯೆ ಬೀಳುತ್ತಿತ್ತು. ಒಮ್ಮೆ ಅತ್ತೆ ಕೊಟ್ಟ ಕಿರಾಣಿ ಚೀಟಿಯನ್ನು, "ತಾರೀಖಿಲ್ಲ, ಸಹಿ ಇಲ್ಲ" ಎಂದು ವಾಪಸು ಕೊಟ್ಟರು. ಅತ್ತೆ ತಾರೀಖೂ ಹಾಕಲಿಲ್ಲ, ಸಹಿಯೂ ಮಾಡಲಿಲ್ಲ. ಮೂರು ದಿನ ಉಪ್ಪಿಲ್ಲದ ಸಾರು ಬಡಿಸಿದಳು.

ಇಂಥವರಿಗೆ ಬ್ಯಾಡಗಿಗೆ ವರ್ಗವಾಯಿತು. ಹೊಸ ಊರಿನಲ್ಲಿ ಸಂಬಳ ಸಿಗಬೇಕಾದರೆ ಹಳೆಯ ಕಚೇರಿಯಿಂದ 'ಇವರಿಗೆ ಇಲ್ಲಿಯವರೆಗೆ ಇಷ್ಟು ಕೊಟ್ಟಿದ್ದೇವೆ' ಎಂಬ ಕೊನೆಯ ವೇತನ ಪತ್ರ ಹೋಗಬೇಕು. ಅದನ್ನು ಬರೆಯುವ ಗುಮಾಸ್ತರು ಯಾರು? ಸಾಕ್ಷಾತ್ ನಮ್ಮ ಮಾವ! ಹೊರಡುವ ದಿನ ಸಾಹೇಬರೇ, "ಬರಕೊಂಡ ಬರ್ರಿ, ಸಹಿ ಮಾಡ್ತೇನಿ" ಎಂದರಂತೆ.

"ನಂದು ನಾನ ಬರಕೊಳ್ಳೂದು ಛಂದ ಅಲ್ರಿ ಸರ್. ಮುಂದ ಬರಾವ ಬರೀತಾನ" ಎಂದು ಮಾವ ಕೈಮುಗಿದು ಬಂದರು. ಆ ಕುರ್ಚಿಗೆ ಯಾರೂ ಬರಲೇ ಇಲ್ಲ. ಪತ್ರವಿಲ್ಲ, ಪಗಾರವಿಲ್ಲ.

ಮಾವ ಬ್ಯಾಡಗಿಯಿಂದ ಆ ಖಾಲಿ ಕುರ್ಚಿಗೆ ವಾರಕ್ಕೊಂದು ಜ್ಞಾಪನ ಪತ್ರ ಕಳಿಸಿದರು. ಅತ್ತೆ ಊರವರ ಸೀರೆಗಳಿಗೆ ಫಾಲ್ ಹಚ್ಚಿ ಮನೆ ನಡೆಸುತ್ತಾ, ಒಂದೊಂದು ಹೊಲಿಗೆಗೆ ಒಂದೊಂದು ಬೈಗುಳ ಪೋಣಿಸಿದಳು.

ನಾಲ್ಕನೆಯ ತಿಂಗಳು ಮೇಲಿನವರಿಗೆ ಎಚ್ಚರವಾಯಿತು. ಹೊಸಬರು ಬರುವವರೆಗೆ ರಾಣೆಬೆನ್ನೂರಿನ ಆ ಕುರ್ಚಿಯನ್ನೂ ಬ್ಯಾಡಗಿಯ ಗುಮಾಸ್ತರೇ ವಾರಕ್ಕೆರಡು ದಿನ ನೋಡಿಕೊಳ್ಳತಕ್ಕದ್ದು ಎಂದು ಆದೇಶ! ಅತ್ತೆ ಹೋಳಿಗೆ ಮಾಡಿದಳು. ಮಾವ ಹೋಗಿ ಕುಳಿತರು, ಲಕೋಟೆಗಳನ್ನು ಒಡೆದರು, ತಮ್ಮವೇ ಪತ್ರಗಳನ್ನು ಕನ್ನಡಕ ಏರಿಸಿ ಓದಿದರು. ಆಮೇಲೆ, 'ಅರ್ಜಿದಾರರು ಮೇಲಧಿಕಾರಿಯ ಮೂಲಕ ಬರೆದಿರುವುದಿಲ್ಲ' ಎಂದು ಷರಾ ಹಾಕಿ ಅಷ್ಟನ್ನೂ ಹಿಂದಿರುಗಿಸಿದರು.

"ಮಾವಾ, ಬರದವ್ರೂ ನೀವ, ಓದಿದವ್ರೂ ನೀವ!" ಎಂದು ನಾನು ತಲೆ ಚಚ್ಚಿಕೊಂಡೆ.

"ಕುರ್ಚಿ ಬ್ಯಾರೆ, ಮನಷ್ಯಾ ಬ್ಯಾರೆ."

"ಹಸಿವಿ ಯಾರಿಗೆ ಆಗ್ತೈತ್ರಿ, ಕುರ್ಚಿಗೋ ಮನಷ್ಯಾಗೋ?" ಅತ್ತೆ ಅಡುಗೆಮನೆಯಿಂದಲೇ ಕೇಳಿದಳು. ಆ ಪ್ರಶ್ನೆಗೆ ಮಾತ್ರ ಆವಕ ಸಂಖ್ಯೆ ಬೀಳಲಿಲ್ಲ.

ಈ ಸಲ ಅರ್ಜಿ ಬ್ಯಾಡಗಿಯ ಸಾಹೇಬರ ಮೂಲಕ ಹೋಗಿ ಸರದಿಯಲ್ಲಿ ಕೂತಿತು. ಮಾವ ಒಂದು ದಿನವೂ ಯಾರ ಸರದಿಯನ್ನೂ ತಪ್ಪಿಸಿದವರಲ್ಲ. ಮುಂದಿನವರದೆಲ್ಲ ಮುಗಿದು ಅವರ ಕಾಗದ ಮೇಲೆ ಬರುವಷ್ಟರಲ್ಲಿ ಪಗಾರ ನಿಂತು ಆರು ತಿಂಗಳಾಗಿತ್ತು. ಮರುದಿನವೇ ಹೊಸ ಗುಮಾಸ್ತರು ಬರುವವರಿದ್ದರು. ಅವರು ಕೆಲಸ ಕಲಿತು ಕಾಗದ ಮುಟ್ಟಲು ಇನ್ನೆರಡು ತಿಂಗಳಾದರೂ ಬೇಕು. ಹಾಗಾಗಿ ಇವತ್ತೇ ಆಗಬೇಕು! ಅತ್ತೆ ನನ್ನನ್ನು ಕಾವಲಿಗೆ ಹಾಕಿದಳು. ಮಾವನನ್ನು ಬೈಕಿನಲ್ಲಿ ಕೂರಿಸಿಕೊಂಡು ರಾಣೆಬೆನ್ನೂರಿಗೆ ಕರೆದೊಯ್ದೆ.

ಕಚೇರಿಯ ಬೇರೆ ಕೆಲಸವನ್ನೆಲ್ಲ ಮುಗಿಸಿ ಮಾವ ತಮ್ಮ ಕಡತಕ್ಕೆ ಕೈಹಾಕುವಾಗ, ಮಧ್ಯಾಹ್ನ ಮೂರಕ್ಕೆ, ಗಂಗವ್ವ ಬಂದಳು. ಅದೇ ಕಚೇರಿಯಲ್ಲಿ ಜವಾನ ಕೆಲಸದಲ್ಲಿದ್ದು ಮೇಡ್ಲೇರಿಗೆ ವರ್ಗವಾದವಳು; ಅವಳಿಗೂ ಅದೇ ಕೊನೆಯ ವೇತನ ಪತ್ರ ಬೇಕಿತ್ತು. "ನನ್ನ ಅರ್ಜಿ ಮನ್ನೆ ಕೊಟ್ಟೇನ್ರಿ. ಎರಡ ತಿಂಗಳಾತು, ಪಗಾರಿಲ್ಲ. ಅಂಗಡ್ಯಾವ ಉದ್ರಿ ಕೊಡವಲ್ಲ" ಎಂದು ಬಾಗಿಲಲ್ಲೇ ನಿಂತಳು. ಅಷ್ಟರಲ್ಲಿ ಸಾಹೇಬರು ಮೀಟಿಂಗಿಗೆ ಎದ್ದರು. "ಒಂದಕ್ಕ ಸಹಿ ಮಾಡಿ ಹೋಗ್ತೇನಿ, ಲಗೂ ತರ್ರಿ."

ಮಾವ ಎರಡೂ ಕಡತ ನೋಡಿದರು. ಮೇಲಿದ್ದ ತಮ್ಮದನ್ನು ಪಕ್ಕಕ್ಕೆ ಸರಿಸಿ ಗಂಗವ್ವನ ಪತ್ರ ಬರೆಯತೊಡಗಿದರು.

ಹಾವೇರಿ ಮುಟ್ಟುವವರೆಗೂ ನಾನು ಕೂಗಾಡಿದೆ. "ಸರದಿ ಎಲ್ಲಿ ಹೋತ್ರಿ? ಮೊದಲ ನಿಮ್ಮದ ಇತ್ತಲ್ರಿ!"

"ಇತ್ತು," ಎಂದರು ಮಾವ. ಊರು ಹತ್ತಿರವಾದಾಗ ಬೈಕಿನ ಹಿಂದಿನಿಂದ ಮತ್ತೆ ದನಿ ಬಂತು. "ನಾ ಉಪಾಸ ಬೀಳದಂಗ ನೋಡಾಕ ನಿಮ್ಮತ್ತಿ ಅದಾಳ. ಗಂಗವ್ವಗ ಯಾರದಾರ?"

ಆದರೂ ನನ್ನ ಸಿಟ್ಟು ಇಳಿಯದೆ, ಮನೆ ಹೊಕ್ಕವನೇ ಅತ್ತೆಯ ಮುಂದೆ ಅಷ್ಟನ್ನೂ ಹೇಳಿಬಿಟ್ಟೆ, ಆ ಕೊನೆಯ ಮಾತನ್ನೂ ಸೇರಿಸಿ. ಮಾವ ಚಪ್ಪಲಿ ಬಿಡದೆ ಹೊಸ್ತಿಲಾಚೆ ನಿಂತಿದ್ದರು. ಬೈಯಲು ಬಾಯಿ ತೆರೆದ ಅತ್ತೆ ಸೆರಗಿನಿಂದ ಕಣ್ಣೊರೆಸಿಕೊಂಡಳು.

"ಒಳಗ ಬರ್ರಿ," ಎಂದಳು, "ರೊಟ್ಟಿ ಆರ್ತಾವು."