ಜಿಂಗಿ ಕೈ ಬಿಡಬ್ಯಾಡ

ಸಣ್ಣ ಕೂಸು ಇದ್ದ ಮನ್ಯಾಗ ಎದಿ ಧಸಕ್ ಅನ್ನೋ ಸಂಗತಿಗೆ ಬರಗಾಲ ಇಲ್ಲ. ನಮ್ಮ ಗುರುಗುಂಟಾದ ಮನ್ಯಾಗಂತೂ ಕಾಣೋ ಮೊಮ್ಮಗಳು ಒಬ್ಬಾಕಿ, ಕಾಣದಾಕಿ ಇನ್ನೊಬ್ಬಾಕಿ. ಸಿಂಧನೂರಾಗ ಮೊಮ್ಮಗಳನ್ನ ಅವರಪ್ಪನ ಕಡೆ ಇಟ್ಟು ಸಾಲಿಗೆ ಹಾಕೋ ಮಾತು ಎದ್ದ ದಿನಾನ ಈ ಕಾಣದ ಜಿಂಗಿ ಬಂದು ಸೇರಿದಳು. ಸಾಲಿಗೆ ಅಂಜಾಕಿ ಮೊಮ್ಮಗಳು, ಜಿಂಗಿಗೆ ಅಂಜಾಕಿ ನಾನು.

ಎರಡನೇ ತಾಟು

"ಆಯಿ, ಜಿಂಗಿಗೂ ರೊಟ್ಟಿ ಹಾಕು" ಅಂದಳು ಮೊಮ್ಮಗಳು. ಅಳಬಾರದಂತ ಇನ್ನೊಂದು ತಾಟಿನ್ಯಾಗ ರೊಟ್ಟಿ, ಪುಂಡಿಪಲ್ಯ ಹಾಕಿಟ್ಟೆ. ಒಲಿ ಕಡೆ ಹೋಗಿ ಬರೂದ್ರಾಗ ತಾಟು ಖಾಲಿ! ಜಿಂಗಿ ಖರೇನ ಉಂಡಾಳಂತ ತಿಳಕೊಂಡೆ. ಉಪ್ಪು, ಮೆಣಸಿನಕಾಯಿ ಹಿಡಕೊಂಡು ಕೂಸಿನ ದೃಷ್ಟಿ ತೆಗಿಯಾಕ ನಿಂತೆ. ಅಷ್ಟರಾಗ ನಮ್ಮ ಯಜಮಾನ್ರು ಕೈ ತೊಳಕೊಂಡು ಬಂದು, "ಪಲ್ಯ ಚಲೋ ಆಗಿತ್ತು. ಯಾರೂ ಉಣವಲ್ರು ಅಂತ ನಾನ ಉಂಡೆ" ಅಂದ್ರು.

ದೃಷ್ಟಿ ಅವರದ ತೆಗೆದೆ, ಮೆಣಸಿನಕಾಯಿ ಮೂಗಿಗೆ ಹಿಡಿದು.

ಚಪ್ಪಲಿ ಹಾಕಿದ ಸೀಟು

ಸಿಂಧನೂರಿಗೆ ಹೊಂಟಾಗ ಲಿಂಗಸುಗೂರು ಬಸ್‌ಸ್ಟ್ಯಾಂಡಿನ್ಯಾಗ ಮಂದಿ ಕಿಟಕ್ಯಾಗಿಂದ ಟವೆಲ್ ಒಗದು ಸೀಟು ಹಿಡಿಯೋದು ನೋಡಿ, ಈಕಿನೂ ಜಿಂಗಿ ಸಲುವಾಗಿ ತನ್ನ ಚಪ್ಪಲಿ ಒಗದಳು. ಬಸ್ ತುಂಬಿತು. ಕಂಡಕ್ಟರ್ ಬಂದ. "ಈ ಸೀಟು ಯಾರದು?"

"ನಮ್ಮ ಜಿಂಗೀದು ರೀ. ಕುಂತಾಳಲ್ಲ?" ಅಂದಳು ಮೊಮ್ಮಗಳು.

ನಿಂತ ಮಂದಿ ಎಲ್ಲಾ ನನ್ನ ಮಾರಿ ನೋಡಾಕತ್ತಿದ್ರು.

"ಆಕಿ ಟಿಕೆಟು?"

"ಹೆಣ್ಣಮಕ್ಕಳಿಗೆ ಫುಕಟ್ ರೀ."

"ಹಂಗಾರ ಆಧಾರ್ ಕಾರ್ಡು ತೋರಸಬೇ."

"ತಗಸಾಕ ಹೋಗಿದ್ವಿ ರೀ. ಆಕಿ ಫೋಟೋದಾಗ ಬರಲಿಲ್ಲ."

ಕಂಡಕ್ಟರ್ ಮಸ್ಕಿ ತನಕ ಆ ಸೀಟಿನ್ಯಾಗ ಯಾರನ್ನೂ ಕುಂದ್ರಗೊಡಲಿಲ್ಲ.

ಸಾಲಿ ದಿನ

ಸಿಂಧನೂರಾಗ ಸಾಲಿ ಗೇಟಿಗೆ ಬಂದ ಕೂಡಲೇ ಮೊಮ್ಮಗಳು ನನ್ನ ಸೀರಿ ಸೆರಗು ಗಟ್ಟಿ ಹಿಡದಳು. "ಮೊದಲು ಜಿಂಗಿ ಒಳಗ ಹೋಗಿ ನೋಡ್ಲಿ, ಟೀಚರ್ ಬಡಿತಾರೋ ಇಲ್ಲೋ." ಬಿಸಲಾಗ ನಿಂತ್ವಿ. ಇವತ್ತು ಒಳಗ ಹೋಗದಿದ್ರ ಇನ್ಯಾವತ್ತೂ ಹೋಗಂಗಿಲ್ಲ ಅಂತ ನನಗ ಜೀವ ಹಾರಾಕತ್ತಿತ್ತು. ಟೀಚರ್ ಹೊರಗ ಬಂದು, ಸಂಗತಿ ಕೇಳಿ, "ಜಿಂಗಿ ಒಳಗ ಬಂದು ಕುಂತಾಳ, ನಿನ್ನ ಕರಿಯಾಕತ್ಯಾಳ, ಬಾ" ಅಂದ್ರು.

"ಸುಳ್ಳು ಹೇಳಬ್ಯಾಡ್ರಿ. ಆಕಿ ಒಳಗೆಲ್ಲಾ ನೋಡಿ ಆಗಲೇ ಹೊರಗ ಬಂದಾಳ. ನೀವು ಬಡಿಯಂಗಿಲ್ಲಂತ. ಆದ್ರೂ ಆಕಿಗೆ ಅಂಜಿಕಿ."

ನನ್ನ ಅಂಗೈಯಾಗ ಏನೋ ಇಟ್ಟಂಗ ಮಾಡಿ ಬೆರಳು ಮುಚ್ಚಿದಳು. "ಆಯಿ, ಜಿಂಗಿ ಇನ್ನಾ ಸಣ್ಣಾಕಿ, ಮನ್ಯಾಗಿರಲಿ. ಆಕಿ ಕೈ ಬಿಡಬ್ಯಾಡ." ಹೊಳ್ಳಿ ನೋಡದ ಒಳಗ ಹೋದಳು.

ಮುಚ್ಚಿದ ಕೈ ಹಂಗ ಹಿಡಕೊಂಡು ಬಂದೆ. ದೊಡ್ಡ ರಸ್ತಾದಾಗ ನೆಲ್ಲಿನ ಲಾರಿ ಒಂದರ ಹಿಂದ ಒಂದು. "ಲೇ, ನಿಂದ್ರ! ಗಾಡಿ ಬರಾಕತ್ತೈತಿ!" ಅಂತ ಕೈ ಜಗ್ಗಿದೆ.

ಟ್ರಾಫಿಕ್ ಪೊಲೀಸ ಬಂದ. "ಯಾರಿಗೆ ಬೈಯಾಕತ್ತೀರಿ ಅಮ್ಮಾ?"

"ಈ ಹುಡುಗಿಗೆ ರೀ. ಕೈ ಬಿಡಿಸ್ಕೊಂಡು ಓಡ್ತಾಳ."

ನನ್ನ ಖಾಲಿ ಪಕ್ಕ ನೋಡಿದ. ನನ್ನ ಮಾರಿ ನೋಡಿದ. ಸೀಟಿ ಊದಿ ಲಾರಿ ನಿಂದ್ರಿಸಿ, "ಆತು, ಮೊದಲು ಆಕಿ ದಾಟ್ಲಿ, ಆಮ್ಯಾಲ ನೀವು ಬರ್ರಿ" ಅಂದ.

ನನಗ ಸಿಟ್ಟು ನೆತ್ತಿಗೇರಿತು. "ಅಷ್ಟು ಸಣ್ಣ ಕೂಸಿನ್ನ ಒಬ್ಬಾಕಿನ ದಾಟಸ್ತೀಯೇನೋ? ಬುದ್ಧಿಗಿದ್ಧಿ ಐತೋ ಇಲ್ಲೋ ನಿನಗ?"