ಹನ್ನೊಂದು ನೇರಳೆ ಬೀಜ

ಎಪ್ಪತ್ತೆರಡನೆಯ ವಯಸ್ಸಿನಲ್ಲಿ ತಪ್ಪು ಮಾಡುವುದರಲ್ಲಿ ಒಂದು ತೊಂದರೆಯಿದೆ. ನಮ್ಮನ್ನು ಗದರಿಸಬೇಕಾದ ಹಿರಿಯರೆಲ್ಲ ಆ ವೇಳೆಗೆ ಹೋಗಿಬಿಟ್ಟಿರುತ್ತಾರೆ. ಕಿರಿಯರು ‘ವಯಸ್ಸಾಯಿತು, ಪಾಪ’ ಎಂದು ಬಿಟ್ಟುಬಿಡುತ್ತಾರೆ. ಹಾಗಾಗಿ ನಮ್ಮನ್ನು ನಾವೇ ಬೈದುಕೊಳ್ಳಬೇಕು. ಅದರಲ್ಲಿ ನನಗೆ ಅಭ್ಯಾಸ ಸಾಲದು. ನಾನು ಎಸ್ಸೆಸ್ಸೆಲ್ಸಿ ಮುಗಿಸಿ ದೆಹಲಿಗೆ ಬಂದವನು. ಆರ್.ಕೆ.ಪುರಂನ ಒಂದು ಸರ್ಕಾರಿ ಕಚೇರಿಯ ಟಪಾಲು ವಿಭಾಗದಲ್ಲಿ ಇಡೀ ಸರ್ವಿಸು ಕಳೆದೆ. ಅಲ್ಲಿ ಏನು ತಪ್ಪಾದರೂ ಅದು ಬೇರೆ ವಿಭಾಗದ್ದು ಎಂದು ಷರಾ ಬರೆದು ಕಳಿಸುವುದು ನಮ್ಮ ಪದ್ಧತಿಯಾಗಿತ್ತು. ಈ ಸಲದ ತಪ್ಪನ್ನು ಕಳಿಸಲು ಬೇರೆ ವಿಭಾಗವಿಲ್ಲ. ಹೀಗೆ ಹೇಳಿದೆನಾದರೂ ಕಳಿಸಲು ಪ್ರಯತ್ನಪಟ್ಟೆ ಎಂಬುದೇ ಈ ಬರಹದ ವಿಷಯ.

ಈಗ ನಾವು ದೆಹಲಿಯ ಅಂಚಿನ ಇಂದಿರಾಪುರಂನಲ್ಲಿ ಮಗಳು ಸುಧಾಳ ಮನೆಯಲ್ಲಿದ್ದೇವೆ. ಒಂಬತ್ತನೆಯ ಮಹಡಿ. ಎದುರು ಫ್ಲಾಟಿನಲ್ಲಿ ದೇಚಮ್ಮ ಎಂಬ ಕೊಡಗಿನ ಹೆಣ್ಣುಮಗಳಿದ್ದಾಳೆ. ಗಂಡ ಸೈನ್ಯದಲ್ಲಿ, ಗಡಿಯಲ್ಲೆಲ್ಲೋ ಇದ್ದಾನೆ. ಮನೆಯಲ್ಲಿ ಅವಳ ಜೊತೆಗಿರುವುದು ಒಂದು ಆಮೆ. ನಮ್ಮ ದೇಶದ ನಕ್ಷತ್ರ ಆಮೆಯನ್ನು ಸಾಕುವುದು ಅಪರಾಧ. ಇದು ಆಫ್ರಿಕಾದ ಜಾತಿ, ಇದಕ್ಕೆ ಕಾಗದಪತ್ರವೆಲ್ಲ ಇದೆ. ಗಾತ್ರದಲ್ಲಿ ನಮ್ಮ ಮನೆಯ ದೊಡ್ಡ ಇಡ್ಲಿ ಪಾತ್ರೆಯಷ್ಟು. ಬೆಳಿಗ್ಗೆ ಎದ್ದು ಗೋಡೆಯಂಚಿನಲ್ಲೇ ನಡೆದು ಎಲ್ಲ ಕೋಣೆಗಳನ್ನೂ ತನಿಖೆ ಮಾಡುವುದರಿಂದ ಅದಕ್ಕೆ ‘ಸುಬೇದಾರ್’ ಎಂದು ಹೆಸರು. ದೇಚಮ್ಮ ತಂಗಿಯ ಮದುವೆಗೆ ವಿರಾಜಪೇಟೆಗೆ ಹೊರಟಾಗ ಸುಬೇದಾರನನ್ನು ನಮ್ಮ ಬಾಲ್ಕನಿಯಲ್ಲಿ ಬಿಟ್ಟು, ಫ್ರಿಜ್ಜಿನ ಬಾಗಿಲಿಗೆ ಒಂದು ಕಾಗದ ಅಂಟಿಸಿದಳು. ಒಣಹುಲ್ಲು ಇಷ್ಟು, ದಾಸವಾಳದ ಎಲೆ ಇಷ್ಟು, ಡಾಕ್ಟರ ನಂಬರು ಇದು. ಕೊನೆಯಲ್ಲಿ ಕೆಂಪು ಶಾಯಿಯಲ್ಲಿ, ‘ಹಣ್ಣು: ಭಾನುವಾರ ಮಾತ್ರ, ಬೆರಳ ತುದಿಯಷ್ಟು. ಬೀಜ ತೆಗೆದು.’

“ಅಂಕಲ್, ಹಣ್ಣಿನ ವಿಷಯ ಮರೀಬೇಡಿ. ಸಿಹಿ ಜಾಸ್ತಿಯಾದ್ರೆ ಇವನ ಹೊಟ್ಟೆಯೊಳಗೆಲ್ಲ ಹುಳಿ ಬಂದು ಉಬ್ಬರಿಸುತ್ತೆ. ಬೀಜ ಹೋದ್ರೆ ಕರುಳಲ್ಲಿ ಸಿಕ್ಕಿಹಾಕ್ಕೊಳ್ಳುತ್ತೆ.”

“ನಾನು ಫೈಲು ನೋಡಿದವನು ದೇಚಮ್ಮ, ನೀನು ನೆಮ್ಮದಿಯಾಗಿ ಹೋಗಿಬಾ” ಎಂದೆ.

ನನ್ನ ಒಂದು ದೌರ್ಬಲ್ಯವನ್ನು ಇಲ್ಲಿ ಹೇಳಲೇಬೇಕು. ದೆಹಲಿಯಲ್ಲಿ ನಮ್ಮ ಕನ್ನಡಿಗರ ಹಬ್ಬದೂಟಗಳಲ್ಲಿ ಮೂವತ್ತು ವರ್ಷ ಬಡಿಸಿದವನು ನಾನು. ಬೇಡ ಎಂದವರಿಗೆ ಬಡಿಸುವುದರಲ್ಲಿ ನನ್ನದು ಎತ್ತಿದ ಕೈ. ಒಮ್ಮೆ ಒಬ್ಬ ಅಧಿಕಾರಿ ಎರಡೂ ಅಂಗೈಗಳಿಂದ ಎಲೆ ಮುಚ್ಚಿಕೊಂಡರು. ಹೋಳಿಗೆಯನ್ನು ಅವರ ಕೈಯ ಮೇಲೇ ಇಟ್ಟು, ಅದರ ಮೇಲೆ ತುಪ್ಪ ಹಾಕಿ ಮುಂದಿನ ಎಲೆಗೆ ಹೋದೆ. ‘ಬೇಡ’ ಎಂದರೆ ‘ಇನ್ನೊಂದು ಸಲ ಕೇಳಿ’ ಎಂದೇ ನಮ್ಮಲ್ಲಿ ಅರ್ಥ. ಮೊದಲ ಸಲಕ್ಕೇ ‘ಹಾಕಿ’ ಎನ್ನುವವನನ್ನು ನಾವು ಸ್ವಲ್ಪ ಸಂಶಯದಿಂದಲೇ ನೋಡುತ್ತೇವೆ. ಅಂಥ ನನ್ನ ಮನೆಗೆ ಒಬ್ಬ ಅತಿಥಿ ಬಂದು, ನಾಲ್ಕು ದಿನ ಒಣಹುಲ್ಲು ತಿನ್ನುತ್ತ ಕೂತರೆ ನನ್ನ ಜೀವಕ್ಕೆ ಹೇಗಾಗಬೇಡ!

ಐದನೆಯ ದಿನ, ಗೇಟಿನ ಬಳಿ ಗಾಡಿಯವನು ನೇರಳೆಹಣ್ಣು ತಂದಿದ್ದ. “ಅಂಕಲ್‌ಜೀ, ಜಾಮುನ್ ಲೇ ಜಾವೋ, ಶುಗರ್ ಕೇ ಲಿಯೇ ಬಢಿಯಾ” ಎಂದ. ನನಗೆ ಸಕ್ಕರೆ ಕಾಯಿಲೆಯಿರುವುದು ಅವನಿಗೆ ಹೇಗೆ ಗೊತ್ತಾಯಿತೋ! ಇಲ್ಲಿ ಅರವತ್ತು ದಾಟಿದ ಎಲ್ಲರಿಗೂ ಹಾಗೇ ಹೇಳುತ್ತಾನಂತೆ. ಹಣ್ಣು ತಂದೆ. ಹೆಂಡತಿ ವನಜಾ, “ಬೀಜ ಎಸೀಬೇಡಿ, ಒಣಗಿಸಿ ಪುಡಿ ಮಾಡ್ತೀನಿ, ನಿಮ್ಮ ಶುಗರಿಗೆ” ಎಂದು ಹೇಳಿ ಮಧ್ಯಾಹ್ನದ ನಿದ್ದೆಗೆ ಹೋದಳು. ನಾನು ಬಟ್ಟಲು ಹಿಡಿದು ಬಾಲ್ಕನಿಯಲ್ಲಿ ಕೂತೆ. ಎದುರಿಗೆ ಸುಬೇದಾರ್. ಒಬ್ಬನೇ ಹೇಗೆ ತಿನ್ನಲಿ? ಒಂದು ಹಣ್ಣನ್ನು ಮುಂದಿಟ್ಟೆ. ಮೂಸಿ ನೋಡಿ ತಲೆ ಒಳಗೆಳೆದುಕೊಂಡ. ಸಂಕೋಚ ಎಂದುಕೊಂಡೆ. “ತಗೊಳ್ಳಿ ಸಾಹೇಬರೇ, ಮನೆಯದೇ ಅಂತ ತಿಳ್ಕೊಳ್ಳಿ” ಎಂದು ಇನ್ನೂ ಹತ್ತಿರಕ್ಕೆ ತಳ್ಳಿದೆ. ಈ ಸಲ ತಿಂದ, ಇಡಿಯಾಗಿಯೇ. ಆಮೇಲೆ ನನಗೊಂದು, ಅವನಿಗೊಂದು. ಅವನು ತಲೆ ಎಳೆದುಕೊಂಡಾಗಲೆಲ್ಲ ನಾನು ಉಪಚಾರ ಹೆಚ್ಚಿಸಿದೆ. ಕೆಂಪು ಶಾಯಿ ನೆನಪಾಗಲಿಲ್ಲ ಎಂದರೆ ಸುಳ್ಳಾಗುತ್ತದೆ. ನೆನಪಾಯಿತು. ಊಟದ ಹೊತ್ತಿನಲ್ಲಿ ಎಲ್ಲರೂ ಹಾಗೇ ಹೇಳುತ್ತಾರೆ ಎಂದುಕೊಂಡೆ. ಕೊನೆಗೆ ಅವನ ಮೂತಿಯ ನೇರಳೆ ಬಣ್ಣವನ್ನು ಒದ್ದೆ ಬಟ್ಟೆಯಿಂದ ಚೆನ್ನಾಗಿ ಒರೆಸಿದೆ. ಸಾಕ್ಷ್ಯ ಒರೆಸುವವನಿಗೆ ತಾನು ಮಾಡುತ್ತಿರುವುದೇನೆಂದು ಗೊತ್ತಿರುತ್ತದೆ.

ವನಜಾ ಎದ್ದು ಬಂದು ತಟ್ಟೆ ನೋಡಿದಳು. “ರೀ, ಅಷ್ಟು ಹಣ್ಣಿಗೆ ಇಷ್ಟೇ ಬೀಜಾನಾ?”

“ನುಂಗಿಬಿಟ್ಟೆ” ಎಂದೆ.

“ನುಂಗಿದ್ರಾ? ಹಲ್ಲಿಲ್ವಾ ನಿಮಗೆ?” ಎಂದವಳೇ ಹೊಟ್ಟೆ ಸಡಿಲಾಗಲೆಂದು ಒಂದು ದೊಡ್ಡ ಲೋಟ ಇಸಬ್ಗೋಲು ಕಲಸಿ ತಂದು, ನಾನು ಕುಡಿಯುವವರೆಗೂ ಎದುರಿಗೆ ನಿಂತಳು. ಮೂರು ದಿನ ಆಮೆಯ ರೋಗಕ್ಕೆ ನಾನು ಔಷಧಿ ಕುಡಿದೆ. ಅದರ ಪರಿಣಾಮ ನನ್ನ ಮೇಲೆ ಚೆನ್ನಾಗಿಯೇ ಆಯಿತು. ಸುಬೇದಾರನಿಗೆ ಮಾತ್ರ ಏನೂ ಆಗಲಿಲ್ಲ. ಏನೂ ಆಗದಿರುವುದೇ ಅಪಾಯ ಎಂದು ತಿಳಿಯಲು ನನಗೆ ಎರಡು ದಿನ ಹಿಡಿಯಿತು. ಲದ್ದಿಯಿಲ್ಲ. ಹುಲ್ಲು ಮುಟ್ಟುತ್ತಿಲ್ಲ. ಬೆಳಗಿನ ತನಿಖೆಯೂ ನಿಂತಿತು.

ದಿನಾ ಸಂಜೆ ದೇಚಮ್ಮನ ವಿಡಿಯೋ ಕರೆ. ಆಮೆಯ ವಿಷಯದಲ್ಲಿ ಸುಳ್ಳು ಹೇಳುವುದು ಸುಲಭ, ಏಕೆಂದರೆ ನಿದ್ದೆ ಮಾಡುವ ಆಮೆಗೂ ಸಾಯುತ್ತಿರುವ ಆಮೆಗೂ ಫೋನಿನಲ್ಲಿ ಅಂಥ ವ್ಯತ್ಯಾಸ ಕಾಣುವುದಿಲ್ಲ. “ಫಸ್ಟ್ ಕ್ಲಾಸಾಗಿದ್ದಾನೆ, ಈಗಷ್ಟೇ ಮಲಗಿದ” ಎಂದೆ. ಎರಡನೆಯ ಸಂಜೆಯೂ ಹಾಗೇ ಹೇಳಿದಾಗ ಅವಳು, “ಅಂಕಲ್, ಅವನು ಈ ಹೊತ್ತಲ್ಲಿ ಮಲಗೋದಿಲ್ಲ. ನಾಳೆ ಬೆಳಿಗ್ಗೆ ಡಾಕ್ಟರ್ ಹತ್ರ ಕರ್ಕೊಂಡು ಹೋಗಿ, ಪ್ಲೀಸ್” ಎಂದಳು. ಹಿನ್ನೆಲೆಯಲ್ಲಿ ಮದುವೆಮನೆಯ ವಾಲಗ ಕೇಳುತ್ತಿತ್ತು.

ಡಾಕ್ಟರು ಗುರುಗ್ರಾಮದಲ್ಲಿ. ನಾನು, ರಜೆಯಲ್ಲಿದ್ದ ಹತ್ತು ವರ್ಷದ ಮೊಮ್ಮಗಳು ಸಿರಿ, ಬಟ್ಟೆ ಒಗೆಯುವ ಟಬ್ಬಿನಲ್ಲಿ ಸುಬೇದಾರ್. ದೆಹಲಿಯನ್ನು ಈ ತುದಿಯಿಂದ ಆ ತುದಿಗೆ ದಾಟಬೇಕು. ಜಾಮಿನಲ್ಲಿ ನಿಂತಾಗಲೆಲ್ಲ ಕ್ಯಾಬ್ ಡ್ರೈವರು ಕನ್ನಡಿಯಲ್ಲಿ ನೋಡಿ, “ಅಂಕಲ್‌ಜೀ, ಜಿಂದಾ ತೋ ಹೈ ನಾ?”, ಬದುಕಿದೆ ತಾನೇ, ಎನ್ನುತ್ತಿದ್ದ. ಸಿರಿ ಪ್ರತಿ ಸಲವೂ ಚಿಪ್ಪಿನೊಳಗೆ ಬಗ್ಗಿ ನೋಡಿ, “ಹೈ, ಭಯ್ಯಾ” ಎನ್ನುತ್ತಿದ್ದಳು. ನಾಲ್ಕನೆಯ ಸಲ ಬೆರಳಿನಿಂದ ಮುಟ್ಟಿ ನೋಡಿದ ಮೇಲೆಯೇ ಹೇಳಿದಳು.

ಡಾಕ್ಟರು ಎಕ್ಸ್‌ರೇ ತೆಗೆದು ದೀಪಕ್ಕೆ ಹಿಡಿದರು. ಹೊಟ್ಟೆಯ ತುಂಬ ಗಾಳಿ, ನಡುವೆ ಒಂದು ಮಸುಕು ಗಂಟು. ಯಾವುದೋ ಹಣ್ಣಿನ ಬೀಜಗಳಿರಬೇಕು, ಯಾರು ತಿನ್ನಿಸಿದರು ಎಂದು ಹಿಂದಿಯಲ್ಲಿ ಕೇಳಿದರು.

ಆಗ ನನ್ನ ಬಾಯಿಂದ ಬಂದ ಮಾತನ್ನು ಬರೆಯಲು ಈಗಲೂ ಕೈ ಹಿಂಜರಿಯುತ್ತದೆ. “ಬಚ್ಚೇ ಹೈಂ, ಡಾಕ್ಟರ್ ಸಾಹೇಬ್... ಜಾಮುನ್ ಖಿಲಾ ದಿಯಾ ಹೋಗಾ” ಎಂದೆ.

ಮಕ್ಕಳು ನೇರಳೆ ತಿನ್ನಿಸಿರಬೇಕು ಎಂದೆ. ಕೋಣೆಯಲ್ಲಿ ಮಗು ಎಂದರೆ ಇದ್ದವಳು ಒಬ್ಬಳೇ. ಡಾಕ್ಟರು ಸಿರಿಯ ಕಡೆ ತಿರುಗಿ, “ಬೇಟಾ, ಡರೋ ಮತ್. ಕಿತ್ನೇ?” ಎಂದರು. ಹೆದರಬೇಡ, ಎಷ್ಟು ಹಣ್ಣು ಎಂದು ಕೇಳಿದರು. ಸಿರಿ ಅವರನ್ನು ನೋಡಲಿಲ್ಲ. ನನ್ನನ್ನು ನೋಡಿದಳು. “ಮುಝೇ ನಹೀಂ ಪತಾ” ಎಂದಳು. ಅವಳಿಗೆ ಗೊತ್ತಿಲ್ಲ ಎಂಬುದು ನಿಜವೇ ಆಗಿತ್ತು.

ಎಷ್ಟೆಂದು ಗೊತ್ತಿದ್ದರೆ ಬಿಸಿನೀರಿನಲ್ಲಿ ಕೂರಿಸಿ, ಇಂಜೆಕ್ಷನ್ ಕೊಟ್ಟು, ಹೊರಗೆ ಬರುವುದನ್ನು ಎಣಿಸುತ್ತ ಕಾಯಬಹುದು, ಗೊತ್ತಿಲ್ಲದಿದ್ದರೆ ಹೊಟ್ಟೆಯಡಿಯ ಚಿಪ್ಪನ್ನು ಗರಗಸದಿಂದ ಕೊಯ್ದು ನೋಡಬೇಕಾಗುತ್ತದೆ ಎಂದರು ಡಾಕ್ಟರು. ಸಿರಿಯ ಕೆನ್ನೆಯ ಮೇಲೆ ನೀರಿಳಿಯಿತು, ಆದರೂ ಅವಳು ನನ್ನ ಹೆಸರು ಹೇಳಲಿಲ್ಲ. ಆಗ ನಾನು, “ಮೈನೇ ಖಿಲಾಯಾ. ಗ್ಯಾರಹ್” ಎಂದು ತಪ್ಪೊಪ್ಪಿಕೊಂಡೆ.

ಡಾಕ್ಟರು ‘ಹನ್ನೊಂದು’ ಎಂದು ಚೀಟಿಯಲ್ಲಿ ಬರೆದು ಅಡಿಗೆರೆ ಎಳೆದರು. ಹನ್ನೊಂದೂ ಬರುವವರೆಗೆ ದಿನಕ್ಕೆ ಎರಡು ಸಲ ಬಿಸಿನೀರು ನಿಲ್ಲಿಸಬಾರದು, ಒಂದು ಉಳಿದರೂ ಮತ್ತೆ ಸಿಕ್ಕಿಕೊಳ್ಳಬಹುದು ಎಂದರು. ಹಿಂದಕ್ಕೆ ಬರುವಾಗ ಸಿರಿ ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದಳು. ಯಮುನೆ ದಾಟಿದ ಮೇಲೆ ಒಂದೇ ಮಾತು ಆಡಿದಳು. “ತಾತಾ, ಮಮ್ಮಾಗೆ ಆಪ್ ಬತಾಯೇಂಗೇ, ಯಾ ಮೈಂ?”

“ನಾನೇ ಹೇಳ್ತೀನಿ ಪುಟ್ಟಾ. ತಪ್ಪಾಯ್ತು” ಎಂದೆ. ಹೇಳಿದೆ ಕೂಡ. ಸುಧಾಗೆ, ವನಜಾಗೆ, ಫೋನಿನಲ್ಲಿ ದೇಚಮ್ಮನಿಗೆ. ವನಜಾ ಇಸಬ್ಗೋಲಿನ ಡಬ್ಬಿಯನ್ನು ನೋಡಿದಳು, ನನ್ನನ್ನು ನೋಡಿದಳು, ಡಬ್ಬಿ ಎತ್ತಿಕೊಂಡು ಒಳಗೆ ಹೋದಳು.

ಮೂರನೆಯ ದಿನ ಮೊದಲ ಬೀಜ ಬಂತು. ಒಂದು ಕಡ್ಡಿ, ಒಂದು ಜರಡಿ, ಮೂಗಿಗೆ ಕರವಸ್ತ್ರ, ಇದು ನನ್ನ ಪ್ರಾಯಶ್ಚಿತ್ತ. ಸಿರಿ ಕಾಗದದ ಮೇಲೆ ಗೀಟು ಹಾಕುತ್ತಿದ್ದಳು. ಎರಡು, ಐದು, ಒಂಬತ್ತು. ಹನ್ನೊಂದನೆಯದು ಬಂದ ಬೆಳಿಗ್ಗೆ ಅವಳು ಕುಣಿದಳು, ವಾರದ ಮೇಲೆ ಮೊದಲ ಸಲ ನನ್ನ ಕುತ್ತಿಗೆಗೆ ಜೋತುಬಿದ್ದಳು. ವನಜಾ ಕೇಸರಿಬಾತು ಮಾಡಿದಳು. ಸುಬೇದಾರ್ ಹುಲ್ಲು ತಿಂದ. ಸಂಜೆ ಮತ್ತೆ ಬಿಸಿನೀರು ಕಾಯಿಸಿದೆ.

“ಎಲ್ಲಾ ಬಂತಲ್ಲ, ಇನ್ಯಾಕೆ?” ಎಂದಳು ವನಜಾ.

“ಅವನಿಗೆ ಹಿತವಾಗಿರುತ್ತೆ” ಎಂದೆ.

ಮರುದಿನ ದೇಚಮ್ಮ ಬಂದಳು. ನನ್ನನ್ನು ಬೈಯಲಿಲ್ಲ. “ನಿಜ ಹೇಳಿದ್ರಲ್ಲ ಅಂಕಲ್, ಅದಕ್ಕೇ ಉಳ್ಕೊಂಡ” ಎಂದಳು. ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಸುಬೇದಾರನನ್ನು ಎತ್ತಿಕೊಂಡು ಬಾಗಿಲ ತನಕ ಹೋದಳು. ಹೊಸ್ತಿಲು ದಾಟುವಷ್ಟರಲ್ಲಿ ನಾನು, “ದೇಚಮ್ಮ, ನಿಲ್ಲು. ಬಿಸಿನೀರು ನಿಲ್ಲಿಸಬೇಡ. ಒಳಗೆ ಇನ್ನೊಂದಿದೆ” ಎಂದೆ.

“ಹನ್ನೊಂದು ಅಂದ್ರಲ್ಲ?” ಎಂದಳು ವನಜಾ.

“ಹನ್ನೊಂದು ಅಂದೆ. ಕೊಟ್ಟಿದ್ದು ಹನ್ನೆರಡು.”

“ತಾತಾ! ಫಿರ್ ಸೇ?” ಎಂದಳು ಸಿರಿ, ಮತ್ತೆ ಸುಳ್ಳಾ ಎಂಬಂತೆ.

ಏಕೆ ಹಾಗೆ ಹೇಳಿದೆ ಎಂದು ಅವರಿಗೆ ವಿವರಿಸಲಾಗಲಿಲ್ಲ, ಇಲ್ಲಿ ಪ್ರಯತ್ನಿಸುತ್ತೇನೆ. ಹನ್ನೆರಡು ಎಂದರೆ ಒಂದು ಡಜನ್. ಡಜನ್ ತಿನ್ನಿಸಿದವನು ಲೆಕ್ಕ ಇಟ್ಟುಕೊಂಡೇ ತಿನ್ನಿಸಿದಂತೆ ಕೇಳಿಸುತ್ತದೆ. ಹನ್ನೊಂದು ಎಂದರೆ ಏನೋ ಕೈತಪ್ಪಿ ಆದಂತಿರುತ್ತದೆ. ಗರಗಸದ ಮಾತು ಕೇಳಿ, ಮೊಮ್ಮಗಳ ಕಣ್ಣೀರು ನೋಡಿ, ನಿಜ ಹೇಳಲೆಂದು ಬಾಯಿ ತೆರೆದ ಗಳಿಗೆಯಲ್ಲೂ ನನ್ನೊಳಗಿನ ಗುಮಾಸ್ತ ಒಂದನ್ನು ಕಡಿತ ಮಾಡಿಯೇ ಕಳಿಸಿದ್ದ.

ಹನ್ನೆರಡನೆಯದು ನಾಲ್ಕು ದಿನದ ಮೇಲೆ ಎದುರು ಮನೆಯಲ್ಲಿ ಬಂತು. ದೇಚಮ್ಮ ಅದರ ಫೋಟೋ ಕಳಿಸಿದಳು, ಕೆಳಗೆ ಒಂದಕ್ಷರವೂ ಇರಲಿಲ್ಲ. ಸುಬೇದಾರ್ ಚೆನ್ನಾಗಿದ್ದಾನೆ. ನನ್ನ ಪರಿಸ್ಥಿತಿ ಬದಲಾಗಿದೆ. ಪಾರ್ಕಿನಲ್ಲಿ ಐದು ಸುತ್ತು ನಡೆದೆ ಎಂದರೆ ವನಜಾ ನಾಲ್ಕು ಎಂದುಕೊಳ್ಳುತ್ತಾಳೆ. ಎರಡು ಬಿಸ್ಕತ್ತು ತಿಂದೆ ಎಂದರೆ ಮೂರು ಎಂದುಕೊಳ್ಳುತ್ತಾಳೆ. ಹೊರಗೆ ನಾನು ಅದನ್ನು ಅವಮಾನ ಎಂದು ದೂರುತ್ತೇನೆ. ಇಲ್ಲಿ ಒಪ್ಪಿಕೊಳ್ಳುತ್ತೇನೆ, ಇದುವರೆಗೆ ಅವಳ ಲೆಕ್ಕ ಒಂದು ಸಲವೂ ತಪ್ಪಿಲ್ಲ.