ಎರೆ ಹೊಲದಲ್ಲಿ ಮುರುಮ್ ಬೆಳೆದ ಮುತ್ಯಾ

ನನ್ನ ಮೊಮ್ಮಗಳು ಸಾವಿತ್ರಿ ಸರಕಾರಿ ಗುತ್ತಿಗೆ ಹಿಡಿದು, ಅಫಜಲಪುರ ತಾಲ್ಲೂಕಿನ ಮಣ್ಣೂರ ಕಡೆ ಮೊದಲ ರಸ್ತೆ ಮಾಡಿ ಮುಗಿಸಿದಳು. ಆಕೆಯ ಬೆನ್ನಿಗೆ ನನ್ನಂಥ ಅನುಭವಸ್ಥ ಇರಲೇಬೇಕು ಎಂದು ನನಗೆ ಖಾತ್ರಿಯಿತ್ತು. ಅನುಭವವೆಂದರೆ, ಜೇವರ್ಗಿ ಕಡೆಯ ಕರಿ ಮಣ್ಣಿನ ಎರೆ ಹೊಲದಲ್ಲಿ ತೊಗರಿ ಬೆಳೆದದ್ದು.

ತಕರಾರು ಇಷ್ಟೇ. ನೆಲ ಅಗೆದು ಮುರುಮ್, ಅಂದರೆ ರಸ್ತೆಗೆ ಹಾಕುವ ಕೆಂಪು ಗರಸು, ತೆಗೆದವರು ಸರಕಾರಕ್ಕೆ ರಾಜಧನ ಕಟ್ಟಬೇಕು. ಸಾವಿತ್ರಿ ಆಳಂದ ಕಡೆಯ ಖಣಿಯಿಂದ ಕೊಂಡಿದ್ದಳು. ಖಣಿಯವನು ರಾಜಧನ ಕಟ್ಟಿಯೇ ಮಾರಿದ್ದ. ಆದರೂ ರಸ್ತೆ ಕೆಲಸ ಕೊಟ್ಟ ಕಚೇರಿಯವರು ಆಕೆಯ ಬಿಲ್ಲಿನಲ್ಲಿ ಅದನ್ನೇ ಮತ್ತೊಮ್ಮೆ ಮುರಿದುಕೊಂಡರು. ಆಕೆ ಹೈಕೋರ್ಟಿಗೆ ಹೋದಳು. ಸೋತರೆ ಗುತ್ತಿಗೆ ಕೆಲಸ ಅಲ್ಲಿಗೇ ಮುಗಿದಂತೆ.

ಒಂದು ದಿನ ಆಕೆ ಕಚೇರಿಗೆ ಹೊರಟಾಗ ನಾನೂ ರುಮಾಲು ಸುತ್ತಿಕೊಂಡು ಬಸ್ಸು ಹತ್ತಿದೆ.

"ಮುತ್ಯಾ, ಅಲ್ಲಿ ಬಾಯಿ ಬಿಡಬ್ಯಾಡ," ಅಂದಳು.

"ನಾ ಯಾಕ ಬಿಡ್ಲಿ ಬೇ," ಅಂದೆ.

ಬಿಟ್ಟೆ. ಸಾವಿತ್ರಿ ಗುಮಾಸ್ತರ ಹತ್ತಿರ ಹೋದಾಗ ಕಚೇರಿಯ ಸಾಹೇಬರು ನನ್ನನ್ನು ಕೂರಿಸಿ ಚಹಾ ತರಿಸಿದರು.

"ಮುರುಮ್ ಎಲ್ಲಿಂದ ತಂದ್ರಿ ಯಜಮಾನ್ರ?"

ಮನೆಯಲ್ಲಿ ಕೊಂಡ ಜೋಳ ಉಂಡರೂ ಬೀಗರ ಮುಂದೆ ಹೊಲದ್ದೇ ಅನ್ನುವುದು ನಮ್ಮ ರೂಢಿ. ಅದೇ ರೂಢಿ ನಾಲಿಗೆಗೆ ಬಂತು.

"ಎಲ್ಲಿಂದ ತರೂದ್ರಿ? ಎಲ್ಲಾ ನಮ್ಮ ಹೊಲದ್ದೇ. ನಮ್ಮ ಕೂಸು ಮಂದಿ ಬಾಗಿಲಿಗಿ ಹೋಗಿ ಮಣ್ಣ ಕೇಳಬೇಕೇನ್ರಿ?"

ಸಾಹೇಬರು ಇನ್ನೊಂದು ಚಹಾ ತರಿಸಿದರು. ಎಂಥ ಸಜ್ಜನರು ಅಂದುಕೊಂಡೆ.

ಮುಂದಿನ ವಾಯಿದೆಗೆ ಸರಕಾರಿ ವಕೀಲರು ನನ್ನ ಮಾತನ್ನೇ ಕೋರ್ಟಿನ ಮುಂದಿಟ್ಟರು: ಮುರುಮ್ ಕೊಂಡದ್ದಲ್ಲ, ಪರವಾನಗಿ ಇಲ್ಲದೆ ಸ್ವಂತ ಹೊಲದಲ್ಲಿ ಅಗೆದದ್ದು, ಅಜ್ಜನೇ ಒಪ್ಪಿದ್ದಾನೆ. ಸಾವಿತ್ರಿ ಮನೆಗೆ ಬಂದು ನನ್ನೊಂದಿಗೆ ಮಾತೇ ಆಡಲಿಲ್ಲ. ಆ ಕೊರತೆಯನ್ನು ನನ್ನ ಹೆಂಡತಿ ಗಂಗವ್ವ ತುಂಬಿದಳು.

"ಎರಿ ಹೊಲದಾಗ ಮುರುಮ್ ಅಂತ! ಇಷ್ಟು ದಿನ ಒಕ್ಕಲುತನ ಮಾಡಿದ್ರೋ, ಕನಸ ಕಂಡ್ರೋ?"

ಹೊಲ ನೋಡಿ ವರದಿ ಕೊಡಿ ಎಂದು ಕೋರ್ಟು ಹೇಳಿತು. ಅದೇ ಸಾಹೇಬರು ಟೇಪು ಹಿಡಿದು ಬಂದರು. ಹಿಂದಿನ ದಿನ ಮಳೆ ಬಿದ್ದಿತ್ತು.

"ಮುರುಮ್ ತಗದ ತೆಗ್ಗು ತೋರಸ್ರಿ."

ತೊಗರಿ ಸಾಲುಗಳ ನಡುವೆಲ್ಲ ಹುಡುಕಿದರು. ಸಿಕ್ಕಿದ್ದು ಗಂಗವ್ವ ಹೀರೆ ಬಳ್ಳಿ ಹಚ್ಚಲು ತೋಡಿದ ಗುಣಿ ಒಂದೇ. ಅಷ್ಟರಲ್ಲಿ ಸಾಹೇಬರ ಬೂಟು ಕರಿ ಮಣ್ಣಿನಲ್ಲಿ ಹೂತು, ಕಾಲು ಮಾತ್ರ ಹೊರಗೆ ಬಂತು.

"ಈ ಮಣ್ಣ ಹಾಕಿದ್ರ ಆ ರಸ್ತಾ ಬಸ್ಸೇ ನುಂಗ್ತಿತ್ತಲ್ರಿ ಯಜಮಾನ್ರ," ಅಂದರು. ಹಾಗೆಯೇ ಬರೆದುಕೊಟ್ಟರು.

ಹೋದ ವಾರ ತೀರ್ಪು ಬಂತು. ಖಣಿಯವನು ಕಟ್ಟಿದ್ದನ್ನು ಮತ್ತೆ ಮುರಿಯುವಂತಿಲ್ಲ, ಮುರಿದದ್ದನ್ನು ವಾಪಸ್ ಕೊಡಬೇಕು. ಅಜ್ಜನ ಮಾತು ನಂಬಲು ಯೋಗ್ಯವಲ್ಲ ಎಂದೂ ಅದರಲ್ಲಿತ್ತು. ಓದಿ ಹೇಳಿದ ಸಾವಿತ್ರಿ ನಗುತ್ತ ನನ್ನ ಕೊರಳು ತಬ್ಬಿಕೊಂಡಳು. ಅಂದು ರಾತ್ರಿ ನಾನು ಹೊಟ್ಟೆ ತುಂಬ ಉಂಡೆ.

ಬೆಳಗಾದ ಮೇಲೆ ಓಣಿಗೆಲ್ಲ ಪೇಡೆ ಹಂಚಿದೆ. ಏನು ವಿಶೇಷ ಎಂದವರಿಗೆ, "ನಾ ಸುಳ್ಳ ಹೇಳ್ತೀನಂತ ಹೈಕೋರ್ಟೇ ಹೇಳ್ಯಾದ," ಅಂದೆ.

ಗಂಗವ್ವ ಪೇಡೆ ಬಾಯಿಗೆ ಹಾಕಿಕೊಂಡು, "ಮದಿವಿ ಆದಾಗಿಂದ ನಾ ಹೇಳಾಕತ್ತೀನಿ. ಅವ್ರಿಗಿ ಈಗ ತಿಳದಾದ," ಅಂದಳು.

ಪೇಡೆ ಬಾಳ ರುಚಿ ಆಗಿದೆ ಎಂದು ಎಲ್ಲರೂ ಹೊಗಳಿದರು. ನಮ್ಮ ಮನೆಯ ಎಮ್ಮೆ ಹಾಲಿನದು ಅಂದುಬಿಟ್ಟೆ.

ನಮ್ಮಲ್ಲಿ ಎಮ್ಮೆಯೇ ಇಲ್ಲ.